ಒಟ್ಟೊ ಕೋನಿಗ್ಸ್‌ಬರ್ಗರ್: ಮೈಸೂರು ಸಂಸ್ಥಾನದ ಸರ್ಕಾರಿ ವಾಸ್ತುಶಿಲ್ಪಿ

ಮೈಸೂರು ಸಂಸ್ಥಾನದ ಆಧುನಿಕ ವಾಸ್ತುಶಿಲ್ಪದ ಚರಿತ್ರೆಯನ್ನು 1912ರಲ್ಲಿ ಪೂರ್ಣಗೊಂಡ ಮೈಸೂರು ಅರಮನೆಯಿಂದ ಆರಂಭಿಸಿ, 1956ರ ವಿಧಾನಸೌಧದಲ್ಲಿ ಮುಗಿಸುವುದು ರೂಢಿ. ಇವೆರಡರ ನಡುವೆ ಸಂಸ್ಥಾನದ ಸರ್ಕಾರಿ ವಾಸ್ತುಶಿಲ್ಪಿಯಾಗಿದ್ದ ಜರ್ಮನ್ ಮೂಲದ ಒಟ್ಟೊ ಕೋನಿಗ್ಸ್‌ಬರ್ಗರ್ ಅವರ ಸಾಧನೆಗೆ ಈ ಚರಿತ್ರೆಯಲ್ಲಿ ಸಲ್ಲಬೇಕಾದ ಸ್ಥಾನ ದೊರೆತಿಲ್ಲ. ಉಷ್ಣವಲಯದ ವಾಸ್ತುಶಿಲ್ಪವೆಂಬ ಶಾಸ್ತ್ರಶಾಖೆಯನ್ನು ಮುಂದೆ ಲಂಡನ್ನಿನಲ್ಲಿ ಕಟ್ಟಿ ಬೆಳೆಸಿದವರಲ್ಲಿ ಪ್ರಮುಖರಾದ ಇವರು ಅದರ ಪಾಠಗಳನ್ನು ಬಹುಮಟ್ಟಿಗೆ ಕಲಿತದ್ದು ಬೆಂಗಳೂರಿನಲ್ಲಿ ಎಂಬುದು ಗಮನಾರ್ಹ.

1908ರಲ್ಲಿ ಬರ್ಲಿನ್ನಿನಲ್ಲಿ ಜನಿಸಿದ ಕೋನಿಗ್ಸ್‌ಬರ್ಗರ್ ಅಲ್ಲಿಯ ತಾಂತ್ರಿಕ ವಿದ್ಯಾಪೀಠದಲ್ಲಿ ವ್ಯಾಸಂಗ ಮಾಡಿದರು. 1933ರಲ್ಲಿ ಪ್ರತಿಷ್ಠಿತ ಶಿಂಕೆಲ್ ಬಹುಮಾನ ಲಭಿಸಿತು. ಅದೇ ವರ್ಷ ನಾಜಿಗಳು ಅಧಿಕಾರಕ್ಕೆ ಬಂದುದರಿಂದ ಯಹೂದಿ ಮೂಲದ ಈ ತರುಣನಿಗೆ ತಾಯ್ನಾಡಿನ ಸರ್ಕಾರಿ ಸೇವೆಯ ಬಾಗಿಲು ಮುಚ್ಚಿತು. ಈಜಿಪ್ಟಿಗೆ ತೆರಳಿದ ಅವರು ಪುರಾತತ್ತ್ವಜ್ಞ ಲುಡ್ವಿಗ್ ಬೋರ್ಖಾರ್ಟ್ ಅವರ ಬಳಿ ಕೆಲಸ ಮಾಡುತ್ತ, ಪ್ರಾಚೀನ ಈಜಿಪ್ಟಿನ ಬಾಗಿಲುಗಳ ರಚನೆಯನ್ನು ಕುರಿತು ಸಂಶೋಧನೆ ನಡೆಸಿದರು. ಇವರ ಸೋದರಮಾವ, ಭೌತವಿಜ್ಞಾನಿ ಮ್ಯಾಕ್ಸ್ ಬಾರ್ನ್, 1935-36ರಲ್ಲಿ ಸರ್ ಸಿ.ವಿ. ರಾಮನ್ ಅವರ ಆಹ್ವಾನದ ಮೇರೆಗೆ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಗೆ ಬಂದಿದ್ದರು. ಆಗ ದಿವಾನ್ ಸರ್ ಮಿರ್ಜಾ ಇಸ್ಮಾಯಿಲ್ ಅವರೊಡನೆ ಬೆಳೆದ ಪರಿಚಯವು 1939ರ ನೇಮಕಕ್ಕೆ ದಾರಿಯಾಯಿತು.

ದಿವಾನರಿಗೆ ಗುಮ್ಮಟ, ಕಮಾನುಗಳಿಂದ ಕೂಡಿದ ಶೈಲಿ ಪ್ರಿಯವಾಗಿತ್ತು. ಬರ್ಲಿನ್ನಿನ ಆಧುನಿಕ ಪಂಥದಲ್ಲಿ ಬೆಳೆದ ವಾಸ್ತುಶಿಲ್ಪಿಗೆ ಅಲಂಕರಣ ಒಗ್ಗುತ್ತಿರಲಿಲ್ಲ. ಬಸವನಗುಡಿಯ ಕೃಷ್ಣರಾವ್ ಉದ್ಯಾನದ ಮಂಟಪದಲ್ಲಿ ಈ ಎರಡು ಅಭಿರುಚಿಗಳ ಹೊಂದಾಣಿಕೆಯನ್ನು ಕಾಣಬಹುದು. ಭಾರತೀಯ ವಿಜ್ಞಾನ ಸಂಸ್ಥೆಯ ಕಟ್ಟಡಗಳಲ್ಲಿ ಮಾತ್ರ ಅವರ ಸ್ವಂತ ವಿಚಾರಗಳಿಗೆ ಹೆಚ್ಚಿನ ಅವಕಾಶ ದೊರೆಯಿತು. ವಿಮಾನ ತಂತ್ರಜ್ಞಾನ ಮತ್ತು ಲೋಹಶಾಸ್ತ್ರ ವಿಭಾಗಗಳ ಕಟ್ಟಡಗಳು, ಭೋಜನಶಾಲೆ ಹಾಗೂ ಸಭಾಂಗಣ ಅಲ್ಲಿಯ ಅವರ ಮುಖ್ಯ ಕೃತಿಗಳು.

ಈ ಕಟ್ಟಡಗಳ ಹಿಂದಿರುವ ತರ್ಕ ಸರಳವಾದುದು. ಸುಮಾರು 13 ಡಿಗ್ರಿ ಉತ್ತರ ಅಕ್ಷಾಂಶದಲ್ಲಿರುವ ಬೆಂಗಳೂರಿನಲ್ಲಿ ನಡುಹಗಲಿನ ಸೂರ್ಯ ಬಹು ಎತ್ತರದಲ್ಲಿರುತ್ತಾನೆ. ಆದುದರಿಂದ ಉತ್ತರ, ದಕ್ಷಿಣದ ಗೋಡೆಗಳಿಗೆ ಅಡ್ಡ ಚಾಚಿದ ಸಜ್ಜೆಗಳೇ ಸಾಕಷ್ಟು ನೆರಳು ನೀಡುತ್ತವೆ. ಪೂರ್ವ, ಪಶ್ಚಿಮಗಳ ಓರೆ ಬಿಸಿಲನ್ನು ತಡೆಯುವುದು ಕಷ್ಟ. ಕಟ್ಟಡವನ್ನು ಪೂರ್ವ-ಪಶ್ಚಿಮವಾಗಿ ಉದ್ದಕ್ಕೆ ಚಾಚಿ, ಅಗಲವನ್ನು ಕಿರಿದಾಗಿಸಿದರೆ ಗಾಳಿಯೂ ಒಂದು ಬದಿಯಿಂದ ಮತ್ತೊಂದು ಬದಿಗೆ ಸರಾಗವಾಗಿ ಹಾಯುತ್ತದೆ. ಯುದ್ಧಕಾಲದಲ್ಲಿ ಉಕ್ಕು, ಸಿಮೆಂಟುಗಳ ಅಭಾವವಿದ್ದುದರಿಂದ ಮಿತವ್ಯಯವೂ ಅನಿವಾರ್ಯವಾಗಿತ್ತು. ಹೀಗೆ ಹವೆ ಮತ್ತು ಅಭಾವಗಳೆರಡೂ ಕಟ್ಟಡದ ರೂಪವನ್ನು ನಿರ್ಧರಿಸಿದವು.

ಸಂಸ್ಥಾನದ ಸೇವೆಯಲ್ಲಿದ್ದಾಗಲೇ ಅವರು ಜಮ್‌ಶೆಡ್‌ಪುರದ ವಿಸ್ತರಣಾ ಯೋಜನೆಯನ್ನು ರಚಿಸಿದರು. 1948ರಲ್ಲಿ ಭುವನೇಶ್ವರದ ಯೋಜನೆಯನ್ನು ಸಿದ್ಧಪಡಿಸಿದರು. ಅದೇ ವರ್ಷ ಭಾರತ ಸರ್ಕಾರದ ವಸತಿ ನಿರ್ದೇಶಕರಾದರು. ದೇಶವಿಭಜನೆಯಿಂದ ನಿರಾಶ್ರಿತರಾದವರಿಗಾಗಿ ಕಾರ್ಖಾನೆಯಲ್ಲಿ ಸಿದ್ಧಪಡಿಸಿದ ಗೋಡೆಗಳಿಂದ ಶೀಘ್ರವಾಗಿ ಮನೆ ಕಟ್ಟುವ ದೆಹಲಿಯ ಪ್ರಯೋಗ ವಿಫಲವಾಯಿತು. 1951ರಲ್ಲಿ ಅವರು ಇಂಗ್ಲೆಂಡಿಗೆ ತೆರಳಿದರು. ಸ್ವತಃ ಆಶ್ರಯ ಅರಸಿ ಬಂದವರಿಗೆ ಇತರ ನಿರಾಶ್ರಿತರ ವಸತಿಯ ಹೊಣೆ ಬಂದುದು, ಅದು ಕೈಗೂಡದೆ ಹೋದುದು ಅವರ ಬದುಕಿನ ವಿಷಾದಕರ ಅಧ್ಯಾಯ.

ಆದರೆ ಭಾರತದ ಅನುಭವ ವ್ಯರ್ಥವಾಗಲಿಲ್ಲ. ಲಂಡನ್ನಿನ ಆರ್ಕಿಟೆಕ್ಚರಲ್ ಅಸೋಸಿಯೇಷನ್ ಶಾಲೆಯ ಉಷ್ಣವಲಯದ ವಾಸ್ತುಶಿಲ್ಪ ವಿಭಾಗವನ್ನು ಅವರು ಮುನ್ನಡೆಸಿದರು. ಸಹಲೇಖಕರೊಡನೆ ರಚಿಸಿ 1974ರಲ್ಲಿ ಹೊರತಂದ ಉಷ್ಣವಲಯದ ಗೃಹನಿರ್ಮಾಣದ ಕೈಪಿಡಿ ಅನೇಕ ದೇಶಗಳಲ್ಲಿ ಪಠ್ಯವಾಯಿತು. 1999ರಲ್ಲಿ ಅವರು ನಿಧನರಾದರು.

ಅರಮನೆ, ಸೌಧಗಳ ವೈಭವವನ್ನು ಮಾನದಂಡವಾಗಿಸಿಕೊಂಡರೆ ಇಂಥ ಕಟ್ಟಡಗಳು ಕಣ್ಣಿಗೆ ಬೀಳುವುದಿಲ್ಲ; ಅಗೋಚರವಾದುದು ದುರಸ್ತಿ, ವಿಸ್ತರಣೆಗಳ ಹೆಸರಿನಲ್ಲಿ ಸುಲಭವಾಗಿ ರೂಪಗೆಡುತ್ತದೆ. ನೆರಳು, ಗಾಳಿಗಳನ್ನು ಲೆಕ್ಕಹಾಕಿ ಕಟ್ಟಿದ ಈ ನಿರಾಡಂಬರ ಕಟ್ಟಡಗಳನ್ನು ದಾಖಲಿಸಿ ಸಂರಕ್ಷಿಸುವುದು ಕರ್ನಾಟಕದ ವಾಸ್ತುಚರಿತ್ರೆಯ ಅಗತ್ಯ ಕಾರ್ಯವಾಗಿದೆ.