ಕಾಗಿಣಾ ನದಿಯೂ ಅದರ ತೀರದ ವಿದ್ಯಾಪರಂಪರೆಯೂ

ಕನ್ನಡನಾಡಿನ ನದಿಗಳಲ್ಲಿ ಕಾವೇರಿಗೂ ತುಂಗಭದ್ರೆಗೂ ಕೃಷ್ಣೆಗೂ ಪುರಾಣಗಳಲ್ಲಿ ಮಾಹಾತ್ಮ್ಯವುಂಟು; ಕವಿಗಳ ವರ್ಣನೆಯುಂಟು. ಕಲಬುರಗಿ ಜಿಲ್ಲೆಯ ಸೇಡಂ, ಚಿತ್ತಾಪುರ, ಶಹಾಬಾದ ಪ್ರಾಂತಗಳಲ್ಲಿ ಹರಿಯುವ ಕಾಗಿಣಾ ನದಿಗೆ ಅಂತಹ ಭಾಗ್ಯವು ಲಭಿಸಿಲ್ಲ. ಆದರೂ ರಾಷ್ಟ್ರಕೂಟ ಸಾಮ್ರಾಜ್ಯದ ರಾಜಧಾನಿಯಾದ ಮಾನ್ಯಖೇಟವು ನಿಂತಿದ್ದುದು ಈ ನದಿಯ ದಡದಲ್ಲಿಯೇ ಎಂಬುದು ವಿದ್ವಜ್ಜನರಿಗೆ ವಿದಿತವೇ ಇದೆ. ಮಾನ್ಯಖೇಟದ ವಿದ್ಯೆಯೆಲ್ಲವೂ ಅರಸರೊಡನೆ ಬಂದು ಅರಸರೊಡನೆಯೇ ಅಳಿಯಿತೆಂದು ಸಾಮಾನ್ಯವಾಗಿ ತಿಳಿಯಲಾಗುತ್ತದೆ. ಈ ಅಭಿಪ್ರಾಯವು ಎಷ್ಟರಮಟ್ಟಿಗೆ ನಿಲ್ಲತಕ್ಕದ್ದೆಂಬುದನ್ನು ನದಿಯ ನೆಲೆಯನ್ನೂ ಅದರ ತೀರದ ಶಾಸನಗಳನ್ನೂ ಒಟ್ಟಿಗೆ ಇಟ್ಟು ನೋಡಿದರೆ ತಿಳಿಯಬಹುದು.

ಮೊದಲು ನದಿಯ ವಿಚಾರ. ತೆಲಂಗಾಣದ ವಿಕಾರಾಬಾದಿನ ಬಳಿಯ ಅನಂತಗಿರಿ ಬೆಟ್ಟಗಳಲ್ಲಿ ಎರಡು ನದಿಗಳು ಹುಟ್ಟುತ್ತವೆ. ಅವುಗಳಲ್ಲಿ ಮೂಸಿಯು ಪೂರ್ವಕ್ಕೆ ತಿರುಗಿ ಗೋಲ್ಕೊಂಡ, ಹೈದರಾಬಾದುಗಳ ಮೇಲೆ ಹರಿದು ಹೋಗುತ್ತದೆ. ಕಾಗಿಣೆಯು ಪಶ್ಚಿಮಕ್ಕೆ ಹೊರಟು, ತಾಂಡೂರನ್ನು ದಾಟಿ, ಸೇಡಂ ತಾಲ್ಲೂಕನ್ನು ಪ್ರವೇಶಿಸುತ್ತದೆ. ದಖ್ಖನದ ಮಹಾನದಿಗಳೆಲ್ಲ ಪೂರ್ವಾಭಿಮುಖವಾಗಿ ಹರಿಯುವಾಗ ಈ ಚಿಕ್ಕ ನದಿಯು ಅವಕ್ಕೆ ಎದುರುಮುಖವಾಗಿ ನಡೆಯುವುದು ಗಮನಿಸತಕ್ಕ ವಿಷಯವು. ಚಿಂಚೋಳಿಯ ಕಡೆಯಿಂದ ಬರುವ ಮುಲ್ಲಾಮಾರಿಯೂ, ಸೇಡಂ ಊರಿನ ಬಳಿಯ ಕಮಲಾವತಿಯೂ, ಮಳಖೇಡದ ಸಮೀಪದಲ್ಲಿ ಬೆಣ್ಣೆತೊರೆಯೂ ಇದಕ್ಕೆ ನೀರನ್ನು ಕೊಡುತ್ತವೆ. ಬಳಿಕ ಚಿತ್ತಾಪುರದ ಹತ್ತಿರದ ದಂಡೋತಿಯನ್ನು ಹಾದು, ಶಹಾಬಾದಿನ ಆಚೆ ಹೊನಗುಂಟೆಯಲ್ಲಿ ಕಾಗಿಣೆಯು ಭೀಮೆಯನ್ನು ಸೇರುತ್ತದೆ. ಭೀಮೆಯು ರಾಯಚೂರಿನ ಉತ್ತರಕ್ಕೆ ಕೃಷ್ಣೆಯಲ್ಲಿ ಲೀನವಾಗುತ್ತದೆ. ಮಳೆಗಾಲದಲ್ಲಿ ದಡ ಮೀರಿ ಹರಿಯುವ ಕಾಗಿಣೆಯು ಬೇಸಗೆಯಲ್ಲಿ ಮಡುಗಳ ಸಾಲಾಗಿ ಉಳಿಯುವುದು. ಗಾತ್ರದಿಂದ ನೋಡಿದರೆ ಇದನ್ನು ಮಹಾನದಿಯೆನ್ನಲಾಗದು.

ಈ ಪ್ರದೇಶದ ನೆಲವೂ ವಿಶಿಷ್ಟವಾದುದು. ಉತ್ತರದಲ್ಲಿ ಕಪ್ಪುಕಲ್ಲಿನ ಪ್ರಸ್ಥಭೂಮಿಯೂ ಅದರಿಂದುಂಟಾದ ಎರೆಮಣ್ಣೂ ಇವೆ. ತೊಗರಿ, ಜೋಳಗಳು ಈ ಮಣ್ಣಿನ ಬೆಳೆಗಳು. ಚಿಂಚೋಳಿಯ ಕಡೆಗೆ ಕೆಂಪು ಮುರಕಲ್ಲಿನ ಗುಡ್ಡಗಳೂ ಒಣಕಾಡೂ ಕಾಣುತ್ತವೆ. ಆ ಕಾಡು 2011ರಲ್ಲಿ ವನ್ಯಜೀವಿಧಾಮವೆಂದು ಘೋಷಿತವಾಯಿತು. ಸೇಡಂನಿಂದ ಶಹಾಬಾದಿನವರೆಗೆ ನೆಲದ ಕೆಳಗೆ ಹಾಸಿಕೊಂಡಿರುವುದು ಅತಿ ಪ್ರಾಚೀನವಾದ ಸುಣ್ಣಕಲ್ಲು. ಅದು ಪುಸ್ತಕದ ಹಾಳೆಗಳಂತೆ ಪದರಪದರವಾಗಿ ಬಿಚ್ಚಿಕೊಳ್ಳುವುದರಿಂದ ಮನೆಯ ನೆಲಕ್ಕೂ ಮಾಡಿಗೂ ಚಪ್ಪಡಿಯಾಗಿ ಒದಗುತ್ತದೆ. ಶಹಾಬಾದಿ ಕಲ್ಲೆಂದು ದೇಶದಲ್ಲೆಲ್ಲ ಹೆಸರಾದುದು ಇದೇ.

ಈ ಕಲ್ಲು ಕೇವಲ ಮನೆ ಕಟ್ಟುವುದಕ್ಕೆ ಬಂದುದಲ್ಲ. ಸಂಗಮದಿಂದ ಕೆಳಗೆ, ಭೀಮೆಯ ಎಡದಂಡೆಯಲ್ಲಿರುವ ಸನ್ನತಿಯ ಬಳಿಯ ಕನಗನಹಳ್ಳಿಯಲ್ಲಿ ಬೌದ್ಧರು ಮಹಾಸ್ತೂಪವೊಂದನ್ನು ಕಟ್ಟಿ, ಅದಕ್ಕೆ ಈ ಪ್ರದೇಶದ ಸುಣ್ಣಕಲ್ಲಿನ ಫಲಕಗಳನ್ನೇ ಹೊದಿಸಿದರು. ಅಲ್ಲಿಯ ಒಂದು ಫಲಕದಲ್ಲಿ ರಾಣಿಯರೊಡನೆ ನಿಂತ ಅರಸನ ಚಿತ್ರವೂ, ಆತನು ಅಶೋಕರಾಜನೆಂದು ಸೂಚಿಸುವ ಬ್ರಾಹ್ಮೀ ಬರಹವೂ ಇವೆ. ಸನ್ನತಿಯ ಚಂದ್ರಲಾಂಬಾ ದೇವಾಲಯದ ಆವರಣದಲ್ಲಿ 1986ರಲ್ಲಿ ಗುಡಿಯೊಂದರ ಮಾಡು ಕುಸಿದಾಗ ಅಶೋಕನ ಶಾಸನಗಳು ದೊರೆತವು. ಆದುದರಿಂದ ಕಾಗಿಣೆ, ಭೀಮೆಗಳ ಈ ಕಣಿವೆಯಲ್ಲಿ ಕಲ್ಲಿನ ಮೇಲೆ ಅಕ್ಷರವನ್ನು ನಿಲ್ಲಿಸುವ ವಾಡಿಕೆಯು ರಾಷ್ಟ್ರಕೂಟರಿಗಿಂತ ಸಾವಿರ ವರ್ಷ ಹಿಂದಿನದು.

ಇಷ್ಟು ದೊಡ್ಡ ಸಾಮ್ರಾಜ್ಯಕ್ಕೆ ಈ ಮೂಲೆಯಲ್ಲಿ ರಾಜಧಾನಿಯೇಕೆ ಎಂಬ ಪ್ರಶ್ನೆಯು ಸಹಜವಾಗಿಯೇ ಏಳುತ್ತದೆ. ಭೂಪಟವನ್ನು ನೋಡಿದರೆ ಇದು ಮೂಲೆಯಲ್ಲವೆಂದು ತಿಳಿಯುವುದು. ಗೋದಾವರಿಯ ಕಡೆಯ ಮಹಾರಾಷ್ಟ್ರಕ್ಕೂ ಕೃಷ್ಣೆಯ ದಕ್ಷಿಣದ ಕನ್ನಡನಾಡಿಗೂ ಇದು ನಡುವಿನ ನೆಲ. ಮೇಲಾಗಿ ಕಾಗಿಣೆಯ ಕಣಿವೆಯನ್ನು ಹಿಡಿದು ಪೂರ್ವಕ್ಕೆ ಏರಿದರೆ ಅನಂತಗಿರಿ. ಅಲ್ಲಿಂದ ಮೂಸಿಯೊಡನೆ ಇಳಿದರೆ ತೆಲುಗುನಾಡು. ರಾಷ್ಟ್ರಕೂಟರ ಸಾಮಂತರಾದ ಚಾಲುಕ್ಯರ ವೇಮುಲವಾಡವೂ, ಅವರು ಪದೇ ಪದೇ ಕಾದಿದ ವೆಂಗಿಯೂ ಆ ಪೂರ್ವದಿಕ್ಕಿನವೇ. ಪಂಪನು 941ರಲ್ಲಿ ತನ್ನ ಭಾರತಕಾವ್ಯವನ್ನು ರಚಿಸಿದುದು ಆ ವೇಮುಲವಾಡದ ಅರಿಕೇಸರಿಯ ಆಶ್ರಯದಲ್ಲಿ. ಬಹುಕಾಲದ ಮೇಲೆ ಉಗಿಬಂಡಿಯ ಹಾದಿಯನ್ನು ಹಾಕಿದವರೂ ಇದೇ ಕಣಿವೆಯನ್ನು ಆರಿಸಿಕೊಂಡರು. ಸೊಲ್ಲಾಪುರದಿಂದ ರಾಯಚೂರಿಗೆ ಹೋಗುವ ಹಳಿಯು 1871ರಲ್ಲಿ ಸಿದ್ಧವಾಯಿತು. 1874ರಲ್ಲಿ ನಿಜಾಮರ ರೈಲುದಾರಿಯು ಆ ಹಳಿಯ ಮೇಲಿನ ವಾಡಿಯಿಂದ ಕವಲೊಡೆದು, ಚಿತ್ತಾಪುರ, ಮಳಖೇಡ, ಸೇಡಂ, ತಾಂಡೂರು, ವಿಕಾರಾಬಾದುಗಳ ಮೇಲೆ ಸಿಕಂದರಾಬಾದನ್ನು ಮುಟ್ಟಿತು. ವಾಡಿಯು ಜಂಕ್ಷನ್ನಾದ ಕಾರಣವೂ ಮಾನ್ಯಖೇಟವು ರಾಜಧಾನಿಯಾದ ಕಾರಣಗಳಲ್ಲೊಂದೂ ಹೀಗೆ ಒಂದೇ ಕಣಿವೆಯಲ್ಲಿ ಅಡಗಿವೆ.

ಒಂಬತ್ತನೆಯ ಶತಮಾನದಲ್ಲಿ ಅಮೋಘವರ್ಷ ನೃಪತುಂಗನು ಮಾನ್ಯಖೇಟವನ್ನು ಅಮರಾವತಿಯನ್ನೂ ನಾಚಿಸುವಂತೆ ಬೆಳೆಸಿದನೆಂದು ಆತನ ವಂಶಜರ ತಾಮ್ರಶಾಸನಗಳು ಹೊಗಳುತ್ತವೆ. ಅರಬ್ಬೀ ಪ್ರವಾಸಿಗಳು ಈ ಪಟ್ಟಣವನ್ನು ಮಾನಕೀರ್ ಎಂದೂ ಇಲ್ಲಿಯ ಅರಸನನ್ನು ಬಲ್ಹರನೆಂದೂ ಕರೆದು, ಲೋಕದ ಮಹಾರಾಜರಲ್ಲಿ ಆತನನ್ನು ಎಣಿಸಿದರು. ಕವಿರಾಜಮಾರ್ಗವು ರೂಪುಗೊಂಡುದು ಈ ಆಸ್ಥಾನದಲ್ಲಿ. ಜಿನಸೇನಾಚಾರ್ಯನು ಅಮೋಘವರ್ಷನಿಗೆ ಪೂಜ್ಯನಾಗಿದ್ದನು. ಮಹಾವೀರಾಚಾರ್ಯನು ಗಣಿತಸಾರಸಂಗ್ರಹದಲ್ಲಿ ಆ ಅರಸನನ್ನು ಸ್ತುತಿಸಿದನು. ಶಾಕಟಾಯನನು ತನ್ನ ವ್ಯಾಕರಣದ ವೃತ್ತಿಗೆ ಅಮೋಘವೃತ್ತಿಯೆಂದೇ ಹೆಸರಿಟ್ಟನು. ಮುಂದೆ ಮೂರನೆಯ ಕೃಷ್ಣನ ಕಾಲದಲ್ಲಿ ಕನ್ನಡದ ಪೊನ್ನನು ಉಭಯಕವಿಚಕ್ರವರ್ತಿಯೆಂಬ ಬಿರುದನ್ನು ಪಡೆದನು; ಅಪಭ್ರಂಶದ ಪುಷ್ಪದಂತನು ಮಂತ್ರಿ ಭರತನ ಮನೆಯಲ್ಲಿದ್ದು 965ರಲ್ಲಿ ಮಹಾಪುರಾಣವನ್ನು ಮುಗಿಸಿದನು. ಕನ್ನಡ, ಸಂಸ್ಕೃತ, ಪ್ರಾಕೃತ, ಅಪಭ್ರಂಶಗಳು ಹೀಗೆ ಒಂದೇ ಊರಿನಲ್ಲಿ ಕೂಡಿದ್ದವು.

ಆ ವೈಭವವು ಏಳು ವರ್ಷಗಳಲ್ಲಿಯೇ ಮಣ್ಣುಗೂಡಿತು. 972ರಲ್ಲಿ ಖೊಟ್ಟಿಗನು ಆಳುತ್ತಿರುವಾಗ ಮಾಳವದ ಪರಮಾರ ಸೀಯಕನು ದಂಡೆತ್ತಿ ಬಂದು ಮಾನ್ಯಖೇಟವನ್ನು ಕೊಳ್ಳೆಹೊಡೆದನು. ಮಾಳವದ ಧನಪಾಲನು ತನ್ನ ಪ್ರಾಕೃತ ಕೋಶದ ಕಾಲವನ್ನು ಹೇಳುವಾಗ ಈ ಲೂಟಿಯನ್ನೇ ಗುರುತಾಗಿ ಕೊಟ್ಟಿರುವನು. ಪುಷ್ಪದಂತನ ಕಾವ್ಯದ ಕೆಲವು ಪ್ರತಿಗಳಲ್ಲಿ ಕಾಣುವ ಸಂಸ್ಕೃತ ಪದ್ಯವೊಂದು ಬೆಂದುಹೋದ ಈ ಪಟ್ಟಣಕ್ಕಾಗಿ ಶೋಕಿಸುತ್ತದೆ. ಗೆದ್ದವರ ಕಡೆಯ ಕೋಶಕಾರನೊಬ್ಬನು, ಸೋತವರ ಕಡೆಯ ಕವಿಯೊಬ್ಬನು: ಒಂದೇ ಘಟನೆಗೆ ಇಬ್ಬರು ಸಾಕ್ಷಿಗಳು. ಮರುವರ್ಷವೇ ತೈಲಪನು ಕರ್ಕನನ್ನು ಸೋಲಿಸಿದುದರಿಂದ ರಾಷ್ಟ್ರಕೂಟರ ಆಳ್ವಿಕೆಯು ಮುಗಿಯಿತು. ಮಾನ್ಯಖೇಟವು ಕೆಲಕಾಲ ಚಾಲುಕ್ಯರ ರಾಜಧಾನಿಯಾಗಿದ್ದು, ಒಂದನೆಯ ಸೋಮೇಶ್ವರನ ಕಾಲಕ್ಕೆ ಆ ಗೌರವವು ಕಲ್ಯಾಣಕ್ಕೆ ಹೋಯಿತು.

ವಿದ್ಯೆಯೂ ಅರಸರ ಹಿಂದೆಯೇ ಕಲ್ಯಾಣಕ್ಕೆ ಹೊರಟುಹೋಯಿತೆಂದು ಇಲ್ಲಿ ಊಹಿಸುವುದು ಸುಲಭ. ಶಾಸನಗಳು ಬೇರೆಯ ಮಾತನ್ನು ಹೇಳುತ್ತವೆ. ಚಿತ್ತಾಪುರದ ಬಳಿಯ ನಾಗಾವಿಯ 1058ರ ಶಾಸನದಿಂದ, ಅದೇ ಸೋಮೇಶ್ವರನ ದಂಡನಾಯಕನಾದ ಮಧುಸೂದನನು ಅಲ್ಲಿ ದೇವಾಲಯವನ್ನೂ ಘಟಿಕಾಸ್ಥಾನವನ್ನೂ ಸ್ಥಾಪಿಸಿದನೆಂದು ತಿಳಿಯುತ್ತದೆ. ಅಲ್ಲಿ ವೇದಾಧ್ಯಯನ ಮಾಡುವ 200 ವಿದ್ಯಾರ್ಥಿಗಳಿಗೂ ಶಾಸ್ತ್ರಾಭ್ಯಾಸಿಗಳಾದ ಸುಮಾರು 50 ಮಂದಿಗೂ ಅನ್ನವಸ್ತ್ರಗಳ ಏರ್ಪಾಡಿತ್ತು. ವೇದಕ್ಕೆ ಮೂವರು, ಶಾಸ್ತ್ರಕ್ಕೆ ಮೂವರು ಉಪಾಧ್ಯಾಯರಿದ್ದರು. ಭಾಟ್ಟ, ಪ್ರಾಭಾಕರ ಮೀಮಾಂಸೆಗಳೂ ನ್ಯಾಸವೆಂಬ ವ್ಯಾಕರಣವೂ ಅಲ್ಲಿ ನಡೆಯುತ್ತಿದ್ದವು. ಇವೆಲ್ಲಕ್ಕಿಂತ ಮನಸ್ಸನ್ನು ಸೆಳೆಯುವ ಸಂಗತಿಯೆಂದರೆ ಆರು ಜನ ಸರಸ್ವತೀ ಭಾಂಡಾರಿಗರ ನೇಮಕ. ಪುಸ್ತಕಗಳನ್ನು ಕಾಯುವುದಕ್ಕೆ ಪಾಠ ಹೇಳುವವರಷ್ಟೇ ಮಂದಿಯನ್ನು ಇಟ್ಟಿದ್ದರೆಂಬಾಗ ಆ ಭಾಂಡಾರವು ಅಲ್ಪವಾದುದಾಗಿರಲಾರದು. ಮಾನ್ಯಖೇಟವು ಸುಲಿಗೆಯಾದ 86 ವರ್ಷಗಳ ಮೇಲೆ, ಅದೇ ಕಣಿವೆಯಲ್ಲಿ, ರಾಜಧಾನಿಯಲ್ಲದ ಊರಿನಲ್ಲಿ ಇದು ನಡೆಯಿತೆಂಬುದನ್ನು ಮರೆಯಲಾಗದು.

ಇನ್ನು ಸೇಡಂ. ಶಾಸನಗಳಲ್ಲಿ ಸೇಡಿಂಬವೆನಿಸುವ ಈ ಅಗ್ರಹಾರದಲ್ಲಿ ಮುನ್ನೂರ್ವರು ಮಹಾಜನರಿದ್ದರು. ಆರನೆಯ ವಿಕ್ರಮಾದಿತ್ಯನ ಕಾಲದ, 1124ರ ಶಾಸನವು ಅವರ ಶಾಸ್ತ್ರಪಾಂಡಿತ್ಯವನ್ನೂ ಮಂತ್ರಸಾಮರ್ಥ್ಯವನ್ನೂ ಹೊಗಳುತ್ತದೆ. ಆ ಬ್ರಾಹ್ಮಣ ಮಹಾಜನರೇ ಶಾಂತಿನಾಥನ ಬಸದಿಯನ್ನು ಕಟ್ಟಿಸಿ ಭೂಮಿಯನ್ನು ಬಿಟ್ಟರೆಂಬುದು ಆ ಶಾಸನದ ಮುಖ್ಯ ವಿಷಯ.

ಹದಿನಾಲ್ಕನೆಯ ಶತಮಾನದಲ್ಲಿ ಕಲಬುರಗಿಯು ಬಹಮನಿ ಸುಲ್ತಾನರ ರಾಜಧಾನಿಯಾಯಿತು. ಅದೇ ಶತಮಾನದಲ್ಲಿ ಮಧ್ವಮತದ ಅಕ್ಷೋಭ್ಯತೀರ್ಥರ ವೃಂದಾವನವು ಮಳಖೇಡದ ಕಾಗಿಣಾತೀರದಲ್ಲಿ ನಿಂತಿತು. ಅವರ ಶಿಷ್ಯರಾದ ಜಯತೀರ್ಥರು ನ್ಯಾಯಸುಧೆಯನ್ನು ಬರೆದು ಟೀಕಾಚಾರ್ಯರೆನಿಸಿದರು. ಜಯತೀರ್ಥರ ವೃಂದಾವನದ ಸ್ಥಳದ ಬಗ್ಗೆ ಮಠಗಳ ಪರಂಪರೆಗಳಲ್ಲಿ ಭಿನ್ನಾಭಿಪ್ರಾಯವಿದ್ದರೂ, ಅವರ ಗುರುವಿನ ಮೂಲಕ ಈ ನದಿಯೊಡನೆ ಇರುವ ಸಂಬಂಧವು ನಿರ್ವಿವಾದವಾದುದು.

ಇದಕ್ಕೆ ಒಂದು ಆಕ್ಷೇಪವುಂಟು. ಮಾನ್ಯಖೇಟದ್ದು ಬಹುಮಟ್ಟಿಗೆ ಜೈನರ ವಿದ್ಯೆ, ನಾಗಾವಿಯದು ವೈದಿಕರದು, ಮಳಖೇಡದ ಮಠದ್ದು ದ್ವೈತಿಗಳದು; ಬೇರೆ ಬೇರೆ ದಾರಗಳನ್ನು ಕೂಡಿಸಿ ಒಂದೇ ಪರಂಪರೆಯೆನ್ನುವುದು ಹೇಗೆ ಎಂದು ಕೇಳಬಹುದು. ಗುರುಶಿಷ್ಯಕ್ರಮದಿಂದ ಬಂದ ಸಂತತಿಯು ಇಲ್ಲಿಲ್ಲವೆಂಬುದು ನಿಜ. ಆದರೆ ಸೇಡಿಂಬದ ಶಾಸನವೇ ಇದಕ್ಕೆ ಅರ್ಧ ಉತ್ತರವಾಗಿದೆ: ಒಂದು ಮತದ ವಿದ್ವಾಂಸರು ಮತ್ತೊಂದು ಮತದ ಆಲಯವನ್ನು ಎತ್ತಿಸುವಷ್ಟು ಸನಿಹವು ಇಲ್ಲಿತ್ತು. ಉಳಿದರ್ಧವು ನೆಲದಲ್ಲಿದೆ. ಎರೆಯ ಹೊಲವು ದತ್ತಿಗೆ ಆಧಾರವಾಯಿತು; ಕಣಿವೆಯ ದಾರಿಯು ದೂರದ ವಿದ್ಯಾರ್ಥಿಯನ್ನು ತಂದಿತು; ಚಪ್ಪಡಿಯಾಗಿ ಏಳುವ ಕಲ್ಲು ಕಟ್ಟಡಕ್ಕೂ ಬರಹಕ್ಕೂ ಒದಗಿತು. ಅರಸರು ಬದಲಾದರೂ ಈ ಮೂರೂ ಬದಲಾಗಲಿಲ್ಲ. ಆದುದರಿಂದ ವಿದ್ಯೆಯು ಬೇರೆ ಬೇರೆ ಹೆಸರಿನಲ್ಲಿ ಮತ್ತೆ ಮತ್ತೆ ಇಲ್ಲಿಯೇ ನೆಲೆಗೊಂಡಿತೆಂದು ತೋರುತ್ತದೆ.

ಇಂದು ಮಳಖೇಡದಲ್ಲಿ ಕಾಣುವ ಕೋಟೆಯ ಬಹುಭಾಗವು ಹಿಂದಿನ ನೆಲೆಯ ಮೇಲೆ ನಂತರದವರು ತಿದ್ದಿ ಕಟ್ಟಿದುದು. ನೃಪತುಂಗನ ಅರಮನೆಯು ಕಣ್ಣಿಗೆ ಬೀಳುವುದಿಲ್ಲ. ನಾಗಾವಿಯಲ್ಲಿ ಅರವತ್ತು ಕಂಬಗಳ ಗುಡಿಯು ಉಳಿದಿದೆ. ಸರಸ್ವತೀ ಭಾಂಡಾರದ ಒಂದು ಓಲೆಯೂ ಉಳಿದಿಲ್ಲ. ಆ ಭಾಂಡಾರವಿತ್ತೆಂದು ಹೇಳುವುದು ಕಲ್ಲೊಂದೇ. ಅದೇ ಸುಣ್ಣಕಲ್ಲಿಗೆ ಈಗ ಬೇರೆ ಉಪಯೋಗ ಬಂದಿದೆ. ಶಹಾಬಾದಿನ ಸಿಮೆಂಟ್ ಕಂಪನಿಯು 1936ರಲ್ಲಿ ಎ.ಸಿ.ಸಿ. ಎಂಬ ದೊಡ್ಡ ಸಂಸ್ಥೆಯಲ್ಲಿ ಸೇರಿತು. ತರುವಾಯ ವಾಡಿ, ಸೇಡಂ, ಮಳಖೇಡಗಳಲ್ಲಿಯೂ ಕಾರ್ಖಾನೆಗಳು ಎದ್ದವು. ಅವುಗಳಿಂದ ಸಾವಿರಾರು ಸಂಸಾರಗಳು ಬದುಕುತ್ತಿವೆ, ಅದನ್ನು ಅಲ್ಲಗಳೆಯತಕ್ಕದ್ದಲ್ಲ. ಆದರೆ ಅಗೆದ ನೆಲವನ್ನು ಮತ್ತೆ ಓದಲಾಗದು. ಸನ್ನತಿಯಲ್ಲಿ ಒಂದು ಮಾಡು ಕುಸಿದುದರಿಂದ ಅಶೋಕನ ವಾಣಿಯು ಹೊರಬಿದ್ದಿತು. ಅಂತಹ ಆಕಸ್ಮಿಕಗಳನ್ನೇ ನಂಬಿ ಕುಳಿತಿರುವುದು ವಿದ್ವತ್ತೆಗೆ ಶೋಭಿಸದು. ಕಾಗಿಣೆಯ ಎರಡು ದಂಡೆಗಳ ಊರುಗಳಲ್ಲಿ ಗುಡಿಯ ಹೊಸ್ತಿಲಾಗಿಯೂ ಬಾವಿಯ ಕಟ್ಟೆಯಾಗಿಯೂ ಬಿದ್ದಿರುವ ಚಪ್ಪಡಿಗಳನ್ನು ಒಂದೊಂದಾಗಿ ತಿರುವಿ ನೋಡಿ ಬರೆದುಕೊಳ್ಳುವ ಕೆಲಸವು ನಡೆಯಬೇಕು. ಆರು ಜನ ಭಾಂಡಾರಿಗರು ಕಾದ ಪುಸ್ತಕಗಳು ಹೋದವು. ಕಾಯುವವರಿಲ್ಲದ ಕಲ್ಲುಗಳಾದರೂ ಓದುವವರನ್ನು ಪಡೆಯಲಿ.