ವೊಬ್ಬೆ ಸೂಚ್ಯಂಕ ಮತ್ತು ಅಡುಗೆಮನೆಯ ಸುರಕ್ಷತೆ: ಒಂದು ಮರುಪರಿಶೀಲನೆ

ಇಂಧನ ಅನಿಲಗಳ ಗುಣಮಟ್ಟದ ಬಗ್ಗೆ ಇಟಲಿಯ ಎಂಜಿನಿಯರ್ ಗೊಫ್ರೆಡೊ ವೊಬ್ಬೆ 1920ರ ದಶಕದಲ್ಲಿ ಮಂಡಿಸಿದ ವಿಚಾರ ಇಂದು ಪಠ್ಯಪುಸ್ತಕಗಳಲ್ಲಿ ಒಂದು ಸೂತ್ರವಾಗಿ ಉಳಿದಿದೆ: ಅನಿಲದ ಉಷ್ಣಮೌಲ್ಯವನ್ನು ಅದರ ಸಾಪೇಕ್ಷ ಸಾಂದ್ರತೆಯ ವರ್ಗಮೂಲದಿಂದ ಭಾಗಿಸಿದರೆ ವೊಬ್ಬೆ ಸೂಚ್ಯಂಕ ಸಿಗುತ್ತದೆ. ಅನಿಲ ಪೂರೈಸುವವರ ಅನುಕೂಲಕ್ಕಿರುವ ಮಾನದಂಡವೆಂದೇ ಇದನ್ನು ಓದುವುದು ರೂಢಿ. ಮನೆಯ ಸುರಕ್ಷತೆಗೆ ಇದು ಎಷ್ಟು ದೂರ ನೆರವಾಗುತ್ತದೆ, ಎಲ್ಲಿ ಕೈಬಿಡುತ್ತದೆ ಎಂಬುದು ಇಲ್ಲಿನ ಪ್ರಶ್ನೆ.

ಸೂತ್ರದಲ್ಲಿ ವರ್ಗಮೂಲ ಬಂದದ್ದು ಬರ್ನರಿನ ಜೆಟ್‌ನಿಂದ. ಸಣ್ಣ ರಂಧ್ರದಿಂದ ಹೊರಡುವ ಅನಿಲದ ಪ್ರಮಾಣ ಒತ್ತಡದ ವರ್ಗಮೂಲಕ್ಕೆ ತಕ್ಕಂತೆ ಹೆಚ್ಚುತ್ತದೆ, ಸಾಂದ್ರತೆಯ ವರ್ಗಮೂಲಕ್ಕೆ ತಕ್ಕಂತೆ ಕುಗ್ಗುತ್ತದೆ. ಹೀಗಾಗಿ ಒತ್ತಡ ಬದಲಾಗದಿದ್ದರೆ, ಸೂಚ್ಯಂಕ ಒಂದೇ ಇರುವ ಎರಡು ಅನಿಲಗಳು ಒಂದೇ ಒಲೆಗೆ ಒಂದೇ ಪ್ರಮಾಣದ ಶಾಖ ಕೊಡುತ್ತವೆ. ಬ್ರಿಟನ್ 1967ರಿಂದ 1977ರವರೆಗೆ ಕಲ್ಲಿದ್ದಲ ಅನಿಲ ಬಿಟ್ಟು ನೈಸರ್ಗಿಕ ಅನಿಲಕ್ಕೆ ಹೊರಳಿದಾಗ ಮನೆಮನೆಯ ಬರ್ನರುಗಳನ್ನು ಬದಲಿಸಬೇಕಾದದ್ದು ಸೂಚ್ಯಂಕ ಹೆಚ್ಚುಕಡಿಮೆ ಇಮ್ಮಡಿಯಾದ್ದರಿಂದ.

ಬೆಂಗಳೂರಿನ ಮನೆಗಳಲ್ಲಿ ಈಗ ನಡೆಯುತ್ತಿರುವ ಬದಲಾವಣೆ ಇದಕ್ಕೆ ವಿರುದ್ಧ ದಿಕ್ಕಿನದು. ಸಿಲಿಂಡರಿನ ಎಲ್‌ಪಿಜಿಯ ಸೂಚ್ಯಂಕ ಘನ ಮೀಟರಿಗೆ ಸುಮಾರು 82 ಮೆಗಾಜೂಲ್, ಒಲೆಗೆ ಬರುವ ಒತ್ತಡ 30 ಮಿಲಿಬಾರ್. ಕೊಳವೆಯ ನೈಸರ್ಗಿಕ ಅನಿಲಕ್ಕೆ ಇವು ಕ್ರಮವಾಗಿ ಸುಮಾರು 50 ಮತ್ತು 21. ಲೆಕ್ಕ ಹಾಕಿದರೆ, ಜೆಟ್ ಬದಲಿಸದ ಒಲೆಯಲ್ಲಿ ಶಾಖ ಅರ್ಧಕ್ಕಿಳಿಯುತ್ತದೆ. ಅನ್ನ ಬೇಯುವುದು ತಡವಾದೀತು, ಅಷ್ಟೆ. ಅಪಾಯವಿರುವುದು ತಿರುವುಮುರುವಾದಾಗ: ಕೊಳವೆ ಅನಿಲಕ್ಕೆಂದು ಜೆಟ್ ಹಿಗ್ಗಿಸಿದ ಒಲೆಗೆ, ಪೂರೈಕೆ ನಿಂತ ದಿನ, ಹಳೆಯ ಸಿಲಿಂಡರನ್ನೇ ಜೋಡಿಸಿದರೆ ಶಾಖ ಇಮ್ಮಡಿಯಾಗುತ್ತದೆ. ಸಾಕಷ್ಟು ಗಾಳಿ ಬೆರೆಯದೆ ಜ್ವಾಲೆ ಹಳದಿಯಾಗುತ್ತದೆ, ಪಾತ್ರೆಯ ತಳ ಮಸಿ ಹಿಡಿಯುತ್ತದೆ, ಕಾರ್ಬನ್ ಮೊನಾಕ್ಸೈಡ್ ಹುಟ್ಟುತ್ತದೆ. ಮಸಿ ಕಣ್ಣಿಗೆ ಬೀಳುತ್ತದೆ. ಬಣ್ಣವಾಗಲಿ ವಾಸನೆಯಾಗಲಿ ಇಲ್ಲದ ಮೊನಾಕ್ಸೈಡ್ ಬೀಳದು.

ಇಷ್ಟು ಸೂಚ್ಯಂಕದಿಂದಲೇ ತಿಳಿಯುತ್ತದೆ. ಸೋರಿಕೆಯ ವಿಷಯಕ್ಕೆ ಬಂದರೆ ಅದು ಮೌನ, ಏಕೆಂದರೆ ಉಷ್ಣಮೌಲ್ಯಕ್ಕೂ ಸಾಂದ್ರತೆಗೂ ಅದರಲ್ಲಿ ಪ್ರತ್ಯೇಕ ಅಸ್ತಿತ್ವವಿಲ್ಲ. ಆದರೂ ಬಿರುಕುಬಿಟ್ಟ ರಬ್ಬರ್ ಟ್ಯೂಬೂ ಒಂದು ರಂಧ್ರವೇ. ಅದೇ ತರ್ಕವನ್ನು ಅಲ್ಲಿಗೂ ಒಯ್ಯಬಹುದು. ಒಂದೇ ಅಳತೆಯ ಬಿರುಕಿನಿಂದ ನೈಸರ್ಗಿಕ ಅನಿಲ ಎಲ್‌ಪಿಜಿಗಿಂತ ಸುಮಾರು ಒಂದೂವರೆ ಪಟ್ಟು ಸೋರುತ್ತದೆ. ಹಾಗೆಂದು ಅದೇ ಹೆಚ್ಚು ಅಪಾಯಕಾರಿ ಎನ್ನಲಾಗದು. ಹೊತ್ತಿಕೊಳ್ಳಲು ಗಾಳಿಯಲ್ಲಿ ನೈಸರ್ಗಿಕ ಅನಿಲದ ಮುಖ್ಯಾಂಶವಾದ ಮೀಥೇನ್ ಶೇ. 5ರಷ್ಟಾದರೂ ಇರಬೇಕು, ಎಲ್‌ಪಿಜಿಗೆ ಶೇ. 1.8 ಸಾಕು. ಎರಡನ್ನೂ ಸೇರಿಸಿ ನೋಡಿದರೆ, ಅಷ್ಟೇ ಹೊತ್ತಿನಲ್ಲಿ ಎಲ್‌ಪಿಜಿ ಹೆಚ್ಚುಕಡಿಮೆ ಎರಡು ಪಟ್ಟು ಗಾಳಿಯನ್ನು ದಹನಶೀಲ ಮಾಡಬಲ್ಲದು.

ಜೊತೆಗೆ ಎಲ್‌ಪಿಜಿ ಗಾಳಿಗಿಂತ ಭಾರ. ನೆಲಮಟ್ಟದಲ್ಲಿ, ಸಿಂಕಿನ ಕೆಳಗಿನ ಕಪಾಟಿನಲ್ಲಿ ತಂಗುತ್ತದೆ. ಮೀಥೇನ್ ಹಗುರ; ಸೂರಿನತ್ತ ಏರುತ್ತದೆ. ಕೊಳವೆ ಬಂದ ಮೇಲೂ ಸಿಲಿಂಡರನ್ನು ಉಳಿಸಿಕೊಂಡ ಅಡುಗೆಮನೆಗೆ ಗೋಡೆಯ ಬುಡದಲ್ಲೊಂದು, ಸೂರಿನ ಹತ್ತಿರ ಇನ್ನೊಂದು ಗಾಳಿಕಿಂಡಿ ಬೇಕಾಗುತ್ತದೆ.