ಹುಬ್ಬಳ್ಳಿ-ಧಾರವಾಡದ ಗಾಯಕರು ಮತ್ತು ಜನಪ್ರಿಯ ಮಾಧ್ಯಮಗಳು

ಇಪ್ಪತ್ತನೆಯ ಶತಮಾನದ ಆರಂಭದಿಂದ ಈಚೆಗೆ ಹುಬ್ಬಳ್ಳಿ, ಧಾರವಾಡ, ಕುಂದಗೋಳ, ಗದಗ ಈ ಊರುಗಳ ಹಿಂದುಸ್ತಾನಿ ಗಾಯಕರು ನಾಟಕ ಕಂಪನಿ, ಗ್ರಾಮಫೋನು, ಆಕಾಶವಾಣಿ, ಚಲನಚಿತ್ರ, ದೂರದರ್ಶನ, ಕ್ಯಾಸೆಟ್ಟು ಮತ್ತು ಅಂತರ್ಜಾಲಗಳೊಡನೆ ಬೆಳೆಸಿಕೊಂಡ ಸಂಬಂಧದ ಇತಿಹಾಸವೇ ಈ ಲೇಖನದ ವಿಷಯವಾಗಿದೆ. ಶಾಸ್ತ್ರೀಯ ಸಂಗೀತವು ರಾಜಾಶ್ರಯದಲ್ಲಿ ಮಾತ್ರವೇ ಬಾಳಬಲ್ಲುದು, ಜನಪ್ರಿಯತೆಯ ಸೋಂಕು ತಗುಲಿದೊಡನೆಯೇ ಅದರ ತೇಜಸ್ಸು ಕುಂದುವುದು ಎಂಬ ಭಾವನೆಯು ರಸಿಕವಲಯದಲ್ಲಿ ಬಹುಕಾಲದಿಂದ ರೂಢಮೂಲವಾಗಿದ್ದರೂ, ಈ ಪ್ರದೇಶದ ಅನುಭವವು ಅದಕ್ಕೆ ಪ್ರತಿಕೂಲವಾದ ಸಾಕ್ಷ್ಯವನ್ನೇ ನುಡಿಯುತ್ತದೆ. ದೊರೆಯಿಲ್ಲದ ಈ ನಾಡಿನಲ್ಲಿ ಗಾಯಕನನ್ನು ಪೊರೆದವರು ಟಿಕೀಟು ಕೊಂಡು ನಾಟಕಕ್ಕೆ ಬಂದ ಪ್ರೇಕ್ಷಕರು, ಗ್ರಾಮಫೋನಿನ ಪ್ಲೇಟು ಕೊಂಡ ಗೃಹಸ್ಥರು, ರೇಡಿಯೋದ ಮುಂದೆ ಕುಳಿತ ಕೇಳುಗರು. ಅವರ ಆಶ್ರಯದಲ್ಲಿಯೇ ಖ್ಯಾಲಗಾಯನವು ಇಲ್ಲಿ ತನ್ನ ಅತ್ಯುನ್ನತ ಶಿಖರಗಳನ್ನು ಮುಟ್ಟಿತು.

ಹಿನ್ನೆಲೆ

ಆಂಗ್ಲರ ಆಳ್ವಿಕೆಯಲ್ಲಿ ಧಾರವಾಡವು ಮುಂಬಯಿ ಇಲಾಖೆಗೆ ಸೇರಿದ ಜಿಲ್ಲೆಯಾಗಿತ್ತು. ಮೈಸೂರಿನ ಒಡೆಯರಂತೆ, ಕೊಲ್ಲಾಪುರದ ಶಾಹು ಮಹಾರಾಜರಂತೆ ಗವಾಯಿಗಳನ್ನು ಆಸ್ಥಾನದಲ್ಲಿರಿಸಿಕೊಂಡು ಪೋಷಿಸಬಲ್ಲ ಪ್ರಭುಗಳು ಈ ಅವಳಿ ನಗರಗಳಲ್ಲಿ ಇರಲಿಲ್ಲ. ಆದರೆ ಪುಣೆ-ಮಿರಜಗಳಿಂದ ಮೈಸೂರಿನ ಕಡೆಗೆ ಹೋಗುವ ಹಾದಿಯು ಇಲ್ಲಿಂದಲೇ ಹಾಯ್ದುಹೋಗುತ್ತಿದ್ದುದರಿಂದಲೂ, ಸದರ್ನ್ ಮರಾಠಾ ರೈಲ್ವೆಯ ದೆಸೆಯಿಂದ ಹುಬ್ಬಳ್ಳಿಯು ದೊಡ್ಡ ಜಂಕ್ಷನ್ನೂ ಹತ್ತಿಯ ದೊಡ್ಡ ಪೇಟೆಯೂ ಆಗಿ ಬೆಳೆದುದರಿಂದಲೂ, ಸಂಚಾರದಲ್ಲಿದ್ದ ಗವಾಯಿಗಳು ಇಲ್ಲಿ ಇಳಿದುಕೊಳ್ಳುವುದೂ, ವರ್ತಕರ ಮತ್ತು ವಕೀಲರ ಮನೆಗಳಲ್ಲಿ ಬೈಠಕ್ಕುಗಳನ್ನು ನಡೆಯಿಸುವುದೂ, ಶಿಷ್ಯರನ್ನು ಮಾಡಿಕೊಳ್ಳುವುದೂ ವಾಡಿಕೆಯಾಯಿತು. ಮೈಸೂರು ಅರಮನೆಯ ಆಹ್ವಾನದ ಮೇಲೆ ಹೋಗಿಬರುತ್ತಿದ್ದ ಕಿರಾಣಾ ಘರಾಣೆಯ ಅಬ್ದುಲ್ ಕರೀಂಖಾನರು (1872-1937) ಈ ಹಾದಿಯ ಪಥಿಕರಲ್ಲಿ ಅಗ್ರಗಣ್ಯರು. ಭಾಸ್ಕರಬುವಾ ಬಖಲೆಯವರು (1869-1922) ಧಾರವಾಡದ ಟ್ರೇನಿಂಗ್ ಕಾಲೇಜಿನಲ್ಲಿ ಸಂಗೀತ ಶಿಕ್ಷಕರಾಗಿದ್ದರು. ಉತ್ತರದ ಪದ್ಧತಿಯು ಕನ್ನಡದ ನೆಲದಲ್ಲಿ ಬೇರೂರಿದುದು ಹೀಗೆ.

ನಾಟಕ ಕಂಪನಿಗಳ ಕಾಲ

ಈ ಗಾಯಕರಿಗೆ ಮೊದಲು ದೊರೆತ ಜನಪ್ರಿಯ ಮಾಧ್ಯಮವೆಂದರೆ ವೃತ್ತಿರಂಗಭೂಮಿ. ಧಾರವಾಡದಲ್ಲಿ ಪಾಠ ಹೇಳಿದ ಬಖಲೆಯವರೇ 1916ರಲ್ಲಿ ಬಾಲಗಂಧರ್ವರ ‘ಸ್ವಯಂವರ’ ನಾಟಕಕ್ಕೆ ರಾಗಬದ್ಧವಾದ ಚಾಲುಗಳನ್ನು ಒದಗಿಸಿ, ಬೈಠಕ್ಕಿನ ಸಂಗೀತವು ಸಾಮಾನ್ಯ ಪ್ರೇಕ್ಷಕನ ಕಿವಿಗೆ ಬೀಳುವಂತೆ ಮಾಡಿದರು. ಅಬ್ದುಲ್ ಕರೀಂಖಾನರ ಶಿಷ್ಯರಾದ ಕುಂದಗೋಳದ ರಾಮಭಾವು (1886-1952) ಮರಾಠಿ ರಂಗಭೂಮಿಯಲ್ಲಿ ಸುಭದ್ರೆಯೇ ಮೊದಲಾದ ಸ್ತ್ರೀಪಾತ್ರಗಳನ್ನು ವಹಿಸಿ ಕೀರ್ತಿವಂತರಾದರು. ‘ಸವಾಯಿ ಗಂಧರ್ವ’ ಎಂಬ ಬಿರುದು ಅವರಿಗೆ ಸಂದುದು ಅಮರಾವತಿಯಲ್ಲಿ, ನಾಟಕದ ಗಾಯಕರಾಗಿ ಸಂಚರಿಸುತ್ತಿದ್ದ ಕಾಲದಲ್ಲಿ. ಕಿರಾಣಾ ಘರಾಣೆಯ ಈ ಭಾಗದ ಪರಮಗುರುವಿಗೆ ಶಾಶ್ವತವಾದ ಹೆಸರನ್ನು ಕೊಟ್ಟುದು ನಾಟಕವೇ.

ಧಾರವಾಡದ ಸಮೀಪದ ಮನಸೂರ ಗ್ರಾಮದಲ್ಲಿ ಜನಿಸಿದ ಮಲ್ಲಿಕಾರ್ಜುನ ಮನಸೂರರು (1910-1992) ಬಾಲ್ಯದಲ್ಲಿಯೇ ವಾಮನರಾವ್ ಮಾಸ್ತರರ ವಿಶ್ವಗುಣಾದರ್ಶ ನಾಟಕ ಮಂಡಳಿಯನ್ನು ಸೇರಿ, ಬಾಲಪಾತ್ರಗಳಲ್ಲಿ ಹಾಡುತ್ತ ಜನರ ಮನ್ನಣೆಗೆ ಪಾತ್ರರಾದರು. ಮಿರಜದ ನೀಲಕಂಠಬುವಾ ಆಲೂರಮಠರ ದೃಷ್ಟಿಗೆ ಆ ಬಾಲಕನು ಬಿದ್ದುದೂ, ಅವರಿಂದ ಗ್ವಾಲಿಯರ್ ಪದ್ಧತಿಯ ಶಿಕ್ಷಣ ದೊರೆತುದೂ ಈ ನಾಟಕಗಳ ಫಲವಾಗಿಯೇ. ಗದುಗಿನ ವೀರೇಶ್ವರ ಪುಣ್ಯಾಶ್ರಮವಾದರೋ, ಪಂಚಾಕ್ಷರ ಗವಾಯಿಗಳ ಮತ್ತು ಪುಟ್ಟರಾಜ ಗವಾಯಿಗಳ ನೇತೃತ್ವದಲ್ಲಿ ಅಂಧರಿಗೂ ಅನಾಥರಿಗೂ ಅನ್ನ, ವಿದ್ಯೆಗಳನ್ನು ನೀಡುತ್ತ, ಅದರ ವೆಚ್ಚಕ್ಕೆ ಆಧಾರವಾಗಿ ತನ್ನದೇ ನಾಟಕ ಸಂಘವನ್ನು ನಡೆಯಿಸಿತು.

ರಂಗಭೂಮಿಯು ಗಾಯಕನಿಗೆ ಅನ್ನವನ್ನು ಕೊಟ್ಟುದಲ್ಲದೆ ಶಿಕ್ಷಣವನ್ನೂ ಕೊಟ್ಟಿತು. ಧ್ವನಿವರ್ಧಕವಿಲ್ಲದ ಅಂದಿನ ತಗಡಿನ ಥಿಯೇಟರಿನಲ್ಲಿ ಕಟ್ಟಕಡೆಯ ಸಾಲಿನ ಪ್ರೇಕ್ಷಕನಿಗೂ ಪದ ಮತ್ತು ಸ್ವರಗಳೆರಡೂ ಸ್ಪಷ್ಟವಾಗಿ ಮುಟ್ಟಬೇಕಾಗಿತ್ತು. ಕಥೆಯ ಓಟಕ್ಕೆ ಭಂಗ ಬಾರದಂತೆ ಕೆಲವೇ ನಿಮಿಷಗಳಲ್ಲಿ ರಾಗದ ಜೀವಾಳವನ್ನು ತೋರಿಸಬೇಕಾಗಿತ್ತು. ‘ವನ್ಸ್‌ಮೋರ್’ ಎಂಬ ಕೂಗು ಎದ್ದಾಗ ಅದೇ ಪದವನ್ನು ಹೊಸ ತಾನುಗಳಿಂದ ಬೆಳಗಿಸಬೇಕಾಗಿತ್ತು. ಈ ಮೂರು ಅಭ್ಯಾಸಗಳೂ ಮುಂದೆ ಬಂದ ಯಂತ್ರಯುಗಕ್ಕೆ ಇಲ್ಲಿಯ ಗಾಯಕರನ್ನು ಅರಿವಿಲ್ಲದೆಯೇ ಅಣಿಗೊಳಿಸಿದುವು.

ಗ್ರಾಮಫೋನಿನ ಆಗಮನ

1902ರ ಕೊನೆಯಲ್ಲಿ ಗ್ರಾಮಫೋನಿನ ಧ್ವನಿಮುದ್ರಕ ಫ್ರೆಡ್ ಗೈಸ್‌ಬರ್ಗನು ಕಲಕತ್ತೆಗೆ ಬಂದು ಗಾಯಕಿ ಗೌಹರ್ ಜಾನಳ ಕಂಠವನ್ನು ಮುದ್ರಿಸಿದನು. ನಿಮಿಷಕ್ಕೆ ಎಪ್ಪತ್ತೆಂಟು ಸುತ್ತು ತಿರುಗುವ ಅರಗಿನ ತಟ್ಟೆಯ ಒಂದು ಮಗ್ಗುಲಲ್ಲಿ ಮೂರು ನಿಮಿಷಗಳಿಗಿಂತ ಹೆಚ್ಚಿನ ಹಾಡಿಗೆ ಎಡೆಯಿರುತ್ತಿದ್ದುದು ಅಪರೂಪ. ಇಡಿಯ ರಾತ್ರಿಯ ಬೈಠಕ್ಕಿನಲ್ಲಿ ಒಂದೇ ರಾಗವನ್ನು ತಾಸುಗಟ್ಟಲೆ ಬೆಳೆಸುತ್ತಿದ್ದವರಿಗೆ ಈ ಮಿತಿಯು ಕಠಿನವಾದ ಪರೀಕ್ಷೆಯಾಗಿ ಪರಿಣಮಿಸಿತು. ವಿಲಂಬಿತದ ಆಲಾಪವನ್ನು ಬಿಟ್ಟು, ಮಧ್ಯಲಯದ ಇಲ್ಲವೆ ದ್ರುತಲಯದ ಚೀಜನ್ನು ಆರಿಸಿ, ರಾಗವಾಚಕವಾದ ಸ್ವರಸಂಗತಿಯನ್ನು ಆರಂಭದಲ್ಲಿಯೇ ಸ್ಥಾಪಿಸಿ, ಎರಡು-ಮೂರು ತಾನುಗಳಲ್ಲಿ ತಯಾರಿಯನ್ನು ತೋರಿಸಿ ಮುಗಿಸುವ ಒಂದು ಹೊಸ ರಚನಾಕ್ರಮವೇ ಇದರಿಂದ ಹುಟ್ಟಿತು. 1925ರ ಸುಮಾರಿಗೆ ವಿದ್ಯುತ್ ಮೈಕ್ರೋಫೋನು ಬಳಕೆಗೆ ಬಂದಮೇಲೆ ಕಹಳೆಯ ಬಾಯಿಗೆ ಮುಖವೊಡ್ಡಿ ಒದರುವ ಅವಶ್ಯಕತೆ ತಪ್ಪಿ, ಕಂಠದ ಸೂಕ್ಷ್ಮ ಛಾಯೆಗಳೂ ತಟ್ಟೆಯ ಮೇಲೆ ಮೂಡುವಂತಾಯಿತು.

ಈ ಯಂತ್ರವನ್ನು ಇಲ್ಲಿಯ ಗಾಯಕರು ಬಳಸಿಕೊಂಡ ಬಗೆಗೆ ಗಂಗೂಬಾಯಿ ಹಾನಗಲ್ಲರ (1913-2009) ಜೀವನವು ಉತ್ತಮ ನಿದರ್ಶನ. ಧಾರವಾಡದಲ್ಲಿ ಹುಟ್ಟಿ, ಕರ್ನಾಟಕ ಸಂಗೀತವನ್ನು ಬಲ್ಲ ತಾಯಿ ಅಂಬಾಬಾಯಿಯವರೊಡನೆ 1928ರಲ್ಲಿ ಹುಬ್ಬಳ್ಳಿಗೆ ಬಂದು ನೆಲೆಸಿದ ಅವರು, 1930ರ ದಶಕದ ಆರಂಭದಲ್ಲಿ ಹಿಸ್ ಮಾಸ್ಟರ್ಸ್ ವಾಯ್ಸ್ ಕಂಪನಿಗೆ ಹಾಡಿದರು. ‘ಗಾಂಧಾರಿ’ ಎಂಬ ಹೆಸರಿನಲ್ಲಿ ಪ್ರಕಟವಾದ ಆ ತಟ್ಟೆಗಳಲ್ಲಿ ರಾಗದ ಚೀಜುಗಳೂ, ಜಿ. ಎನ್. ಜೋಶಿಯವರ ಜೊತೆಯಲ್ಲಿ ಹಾಡಿದ ಮರಾಠಿ ಭಾವಗೀತಗಳೂ ಇದ್ದುವು. ಆ ತಟ್ಟೆಗಳಲ್ಲಿ ಕೇಳಬರುವುದು ಎತ್ತರದ, ತೆಳುವಾದ, ಮಧುರವಾದ ಕಂಠ. ಮುಂದೆ ಗಂಟಲಿನ ವ್ಯಾಧಿಗೆ ಚಿಕಿತ್ಸೆಯಾದಮೇಲೆ ಅವರಿಗೆ ಪ್ರಾಪ್ತವಾದ, ಪುರುಷಧ್ವನಿಗೆ ಸಮೀಪವಾದ ಗಂಭೀರಕಂಠವನ್ನು ಮಾತ್ರವೇ ಬಲ್ಲವರು ಇವೆರಡೂ ಒಬ್ಬರದೇ ಎಂದು ನಂಬುವುದು ಕಷ್ಟ. ಗ್ರಾಮಫೋನು ಇರದಿದ್ದಲ್ಲಿ ಈ ಪರಿವರ್ತನೆಯ ಪೂರ್ವಾರ್ಧವು ನಮಗೆ ಸಂಪೂರ್ಣವಾಗಿ ನಷ್ಟವಾಗುತ್ತಿದ್ದಿತು.

ಆದರೆ ತಟ್ಟೆಗಳಿಂದ ಬಂದ ಪ್ರಸಿದ್ಧಿಯಲ್ಲಿ ಅವರು ತೃಪ್ತರಾಗಲಿಲ್ಲವೆಂಬುದೇ ಇಲ್ಲಿ ವಿಶೇಷವಾಗಿ ಗಮನಾರ್ಹ. ಸವಾಯಿ ಗಂಧರ್ವರು ರಂಗಭೂಮಿಯಿಂದ ನಿವೃತ್ತರಾಗಿ ಕುಂದಗೋಳದಲ್ಲಿ ನೆಲೆಸಿದಾಗ, ಹುಬ್ಬಳ್ಳಿಯಿಂದ ರೈಲಿನಲ್ಲಿ ಹೋಗಿ, ಗುರುಗಳು ಕೊಟ್ಟ ಒಂದೇ ಸ್ವರಸಂಗತಿಯನ್ನು ಅದು ಕಂಠದಲ್ಲಿ ನಿಲ್ಲುವವರೆಗೂ ಮತ್ತೆ ಮತ್ತೆ ತಿದ್ದಿಕೊಂಡು, ರಾತ್ರಿಯ ಗಾಡಿಗೆ ಮನೆಗೆ ಮರಳುವ ಕ್ರಮವನ್ನು ಅವರು ವರ್ಷಗಳ ಕಾಲ ನಡೆಯಿಸಿದರು. ಮೂರು ನಿಮಿಷದ ಹಾಡಿನಿಂದ ಊರೂರಿಗೆ ಪರಿಚಿತರಾದವರು ಒಂದು ಪಲ್ಟಾದ ಶುದ್ಧಿಗಾಗಿ ಇಷ್ಟು ಕಾಲವನ್ನು ವ್ಯಯಿಸಿದುದರಲ್ಲಿ ಈ ಪ್ರದೇಶದ ಕಲಾವಿದರ ನಿಲುವು ಅಡಗಿದೆ.

ಗ್ರಾಮಫೋನು ಕೆಲವೆಡೆ ಗುರುವಿನ ಹೊಸ್ತಿಲಿನವರೆಗೆ ಶಿಷ್ಯನನ್ನು ಕರೆದೊಯ್ದುದೂ ಉಂಟು. ರೋಣದಲ್ಲಿ ಹುಟ್ಟಿ ಗದುಗಿನಲ್ಲಿ ಬೆಳೆದ ಭೀಮಸೇನ ಜೋಶಿಯವರು (1922-2011) ಅಬ್ದುಲ್ ಕರೀಂಖಾನರ ಝಿಂಝೋಟಿ ರಾಗದ ಠುಮ್ರಿಯನ್ನು ತಟ್ಟೆಯಲ್ಲಿ ಕೇಳಿ, ತಾನೂ ಹಾಗೆಯೇ ಹಾಡಬೇಕೆಂಬ ಹಂಬಲದಿಂದ ಹನ್ನೊಂದರ ವಯಸ್ಸಿನಲ್ಲಿ ಮನೆಯನ್ನು ತೊರೆದು, ಉತ್ತರ ಭಾರತವನ್ನೆಲ್ಲ ಅಲೆದು, ಕೊನೆಗೆ ಮನೆಗೆ ಹತ್ತಿರದ ಕುಂದಗೋಳದಲ್ಲಿಯೇ, ಆ ಖಾನಸಾಹೇಬರ ಶಿಷ್ಯರಾದ ಸವಾಯಿ ಗಂಧರ್ವರಲ್ಲಿ ಗುರುವನ್ನು ಕಂಡುಕೊಂಡರು. ಮನಸೂರರಾದರೋ 1930ರ ದಶಕದಲ್ಲಿ ಅದೇ ಹಿಸ್ ಮಾಸ್ಟರ್ಸ್ ವಾಯ್ಸ್‌ಗೆ ಹಾಡಿದುದಲ್ಲದೆ ಅದರ ಸಂಗೀತ ನಿರ್ದೇಶಕರೂ ಆಗಿದ್ದರು. ಅಷ್ಟಾಗಿ ಹೆಸರು ಬಂದಮೇಲೂ ಅವರು ಅಲ್ಲಾದಿಯಾಖಾನರ ಮಕ್ಕಳಾದ ಮಂಜೀಖಾನರಿಗೂ, ಅವರ ತರುವಾಯ ಭೂರ್ಜೀಖಾನರಿಗೂ ಶಿಷ್ಯರಾಗಿ ಜಯಪುರ ಘರಾಣೆಯ ಅಪ್ರಚಲಿತ ರಾಗಗಳನ್ನು ಹೊಸದಾಗಿ ಕಲಿಯತೊಡಗಿದರು.

ಆಕಾಶವಾಣಿ

1950ರ ಜನವರಿ 8ರಂದು ಧಾರವಾಡದಲ್ಲಿ ಆಕಾಶವಾಣಿಯ ನಿಲಯವು ಆರಂಭವಾಯಿತು. ಸಂಸ್ಥಾನಗಳು ವಿಲೀನವಾಗಿ, ಸುತ್ತಣ ರಾಜ್ಯಗಳ ಆಸ್ಥಾನವಿದ್ವಾಂಸರೂ ಆಶ್ರಯಹೀನರಾಗುತ್ತಿದ್ದ ಸಂದರ್ಭದಲ್ಲಿ ನೆರವಿಗೆ ಬಂದ ಈ ನಿಲಯವು, ಸಂಭಾವನೆಯನ್ನೂ ನಿಯತವಾದ ಕಾರ್ಯಕ್ರಮಗಳನ್ನೂ ಒದಗಿಸಿ ಗಾಯಕರ ಜೀವನಕ್ಕೆ ಒಂದು ಸ್ಥೈರ್ಯವನ್ನು ತಂದಿತು. ಮನಸೂರರು ಅದರ ಸಂಗೀತ ಸಲಹೆಗಾರರಾದರು, ದ. ರಾ. ಬೇಂದ್ರೆಯವರು 1956ರಿಂದ ಸಾಹಿತ್ಯ ಸಲಹೆಗಾರರಾಗಿದ್ದರು. ಖ್ಯಾಲದ ಗಾಯಕನೂ ಕನ್ನಡದ ಕವಿಯೂ ಒಂದೇ ಕಟ್ಟಡದಲ್ಲಿ ಕುಳಿತ ಆ ಕಾಲದಲ್ಲಿ ಶರಣರ ವಚನ, ದಾಸರ ಪದ, ನವೋದಯದ ಭಾವಗೀತೆಗಳು ಹಿಂದುಸ್ತಾನಿ ರಾಗಗಳ ಉಡುಪಿನಲ್ಲಿ ಮನೆಮನೆಯನ್ನು ಪ್ರವೇಶಿಸಿದುವು. ಯಲಿವಾಳದ ಬಸವರಾಜ ರಾಜಗುರುಗಳು (1920-1991) ಖ್ಯಾಲ, ಠುಮ್ರಿ, ನಾಟ್ಯಗೀತ, ವಚನ ಇವೆಲ್ಲವನ್ನೂ ಸಮಾನವಾದ ಗೌರವದಿಂದ ಹಾಡಿದರು. ಮನಸೂರರ ವಚನಗಾಯನದಲ್ಲಿ ಭಕ್ತಿಯ ಆರ್ತತೆಗೂ ರಾಗದ ಶುದ್ಧಿಗೂ ಎಳ್ಳಷ್ಟೂ ವಿರೋಧವಿಲ್ಲವೆಂಬುದು ಪ್ರತ್ಯಕ್ಷವಾಯಿತು.

ರಾಷ್ಟ್ರಮಟ್ಟದಲ್ಲಿ ಈ ಅವಧಿಯು ವಿವಾದಗಳಿಂದ ಕೂಡಿತ್ತು. ಪ್ರಸಾರ ಸಚಿವರಾಗಿದ್ದ ಬಿ. ವಿ. ಕೇಸಕರರ ಕಾಲದಲ್ಲಿ ಚಿತ್ರಗೀತೆಗಳಿಗೆ ಆಕಾಶವಾಣಿಯಲ್ಲಿ ಎಡೆಯಿಲ್ಲದಂತಾಗಿ ಶ್ರೋತೃಗಳು ರೇಡಿಯೋ ಸಿಲೋನಿನತ್ತ ಹೊರಳಿದರು. ಹಾರ್ಮೋನಿಯಮ್ಮಿನ ಮೇಲೆ 1940ರಲ್ಲಿ ವಿಧಿಸಿದ ನಿಷೇಧವು 1970ರ ದಶಕದವರೆಗೂ ಮುಂದುವರಿದು, ಪೇಟಿಯ ಜೊತೆಯಲ್ಲಿಯೇ ನಾಟ್ಯಸಂಗೀತವನ್ನು ಬೆಳೆಸಿದ ಈ ಭಾಗದ ವಾದಕರಿಗೆ ಅನ್ಯಾಯವನ್ನುಂಟುಮಾಡಿತು. ಆದರೆ ಕೇಸಕರರ ನೀತಿಯ ಫಲವಾಗಿಯೇ 1952ರಲ್ಲಿ ಆರಂಭವಾದ ಸಂಗೀತದ ರಾಷ್ಟ್ರೀಯ ಕಾರ್ಯಕ್ರಮವು ಗ್ರಾಮಫೋನಿನ ಕಾಲಮಿತಿಯನ್ನು ಮುರಿದು, ಒಂದು ರಾಗವನ್ನು ಸಾವಧಾನವಾಗಿ ಹಾಡುವ ಅವಕಾಶವನ್ನು ಮರಳಿ ದೊರಕಿಸಿತು.

ಚಲನಚಿತ್ರ ಮತ್ತು ದೂರದರ್ಶನ

ತ. ರಾ. ಸು. ಅವರ ‘ಹಂಸಗೀತೆ’ ಕಾದಂಬರಿಯನ್ನು ಆಧರಿಸಿದ ಹಿಂದಿ ಚಿತ್ರ ‘ಬಸಂತ್ ಬಹಾರ್’ (1956) ಭೀಮಸೇನ ಜೋಶಿಯವರನ್ನು ಚಿತ್ರರಂಗಕ್ಕೆ ಪರಿಚಯಿಸಿದ ಮುಖ್ಯ ಕೃತಿ. ಅದರಲ್ಲಿ ಬರುವ ಗಾಯನಸ್ಪರ್ಧೆಯ ಹಾಡಿನಲ್ಲಿ ಕಥೆಯ ಅನುರೋಧದಂತೆ ಸೋಲುವ ಪಾತ್ರಕ್ಕೆ ಅವರ ಕಂಠ, ಗೆಲ್ಲುವ ನಾಯಕನಿಗೆ ಮನ್ನಾ ಡೇ ಅವರ ಕಂಠ. ಮಹಾಗಾಯಕನು ಇಂತಹ ಸೋಲಿಗೆ ಸಮ್ಮತಿಸಿದುದನ್ನು ಮಾಧ್ಯಮದ ಧರ್ಮವನ್ನರಿತ ಔದಾರ್ಯವೆಂದೇ ಎಣಿಸಬೇಕು. ಅ. ನ. ಕೃಷ್ಣರಾಯರ ಕಾದಂಬರಿಯನ್ನು ಆಧರಿಸಿದ ಕನ್ನಡದ ‘ಸಂಧ್ಯಾರಾಗ’ (1966) ಚಿತ್ರದಲ್ಲಿ ಜಿ. ಕೆ. ವೆಂಕಟೇಶರ ಸಂಗೀತ ನಿರ್ದೇಶನದಲ್ಲಿ ಭೀಮಸೇನರೂ ಬಾಲಮುರಳಿಕೃಷ್ಣರೂ ಹಾಡಿ, ಎರಡು ಪದ್ಧತಿಗಳನ್ನು ಒಂದೇ ಕಥೆಯಲ್ಲಿ ಕೂಡಿಸಿದರು. ‘ಅನ್‌ಕಹೀ’ ಚಿತ್ರದ ಗಾಯನಕ್ಕೆ ಭೀಮಸೇನರಿಗೆ ರಾಷ್ಟ್ರಪ್ರಶಸ್ತಿಯೂ ಬಂದಿತು. 1988ರ ಆಗಸ್ಟ್ 15ರಂದು ದೂರದರ್ಶನವು ಮೊದಲು ಬಿತ್ತರಿಸಿದ ‘ಮಿಲೇ ಸುರ್’ ಎಂಬ ಐಕ್ಯಗೀತೆಯು ಆರಂಭವಾಗುವುದು ಅವರ ಭೈರವಿಯಿಂದಲೇ. ಧಾರವಾಡದ ಸಂಗೀತಾ ಕಟ್ಟಿಯವರು ‘ನಾಗಮಂಡಲ’ (1997) ಚಿತ್ರಕ್ಕಾಗಿ ಹಾಡಿದ ಗೀತೆಗಳಲ್ಲಿ, ಗೀತರಚನಕಾರ ಗೋಪಾಲ ಯಾಜ್ಞಿಕರು ಬಳಸಿದ ಉತ್ತರ ಕರ್ನಾಟಕದ ಆಡುಮಾತು ಚಿತ್ರಸಂಗೀತದಲ್ಲಿ ಗೌರವದ ಸ್ಥಾನವನ್ನು ಪಡೆಯಿತು.

ಕ್ಯಾಸೆಟ್ಟು ಮತ್ತು ಅಂತರ್ಜಾಲ

1980ರ ದಶಕದಲ್ಲಿ ಕ್ಯಾಸೆಟ್ಟು ಅಗ್ಗವಾಗಿ ದೊರೆಯತೊಡಗಿದಾಗ ಭೀಮಸೇನ ಜೋಶಿಯವರ ಕನ್ನಡ ದಾಸವಾಣಿಯು ಶಾಸ್ತ್ರದ ಗಂಧವಿಲ್ಲದ ಮನೆಗಳಿಗೂ ಪ್ರಾತಃಸ್ಮರಣೆಯಾಯಿತು. ಪುಟ್ಟರಾಜ ಗವಾಯಿಗಳ ಶಿಷ್ಯರಾಗಿ, ಧಾರವಾಡದ ಸಂಗೀತ ಮಹಾವಿದ್ಯಾಲಯದಲ್ಲಿ ದೀರ್ಘಕಾಲ ಬೋಧಿಸಿದ ಎಂ. ವೆಂಕಟೇಶಕುಮಾರರ (ಜನನ 1953) ಖ್ಯಾತಿಯಲ್ಲಿ ಕೈಯಿಂದ ಕೈಗೆ ದಾಟುವ ಅಂತರ್ಜಾಲದ ವಿಡಿಯೋಗಳ ಪಾಲು ದೊಡ್ಡದು. ಬಳ್ಳಾರಿ ಸೀಮೆಯ ಜಾನಪದ ಕಲಾವಿದರ ಮನೆತನದಿಂದ ಬಂದ ಅವರು ಖ್ಯಾಲದ ಬೆನ್ನಿಗೇ ವಚನವನ್ನೂ ದಾಸರ ಪದವನ್ನೂ ಹಾಡಿ ಸಭೆಯನ್ನು ತಣಿಸುವುದು ಮನಸೂರ-ರಾಜಗುರುಗಳ ಪರಂಪರೆಯ ಮುಂದುವರಿಕೆಯೇ ಆಗಿದೆ. ಹುಬ್ಬಳ್ಳಿಯ ಜಯತೀರ್ಥ ಮೇವುಂಡಿ, ಧಾರವಾಡದ ಕೈವಲ್ಯಕುಮಾರ ಗುರವ ಮೊದಲಾದವರ ಶ್ರೋತೃವರ್ಗವು ಇಂದು ಸಭಾಭವನದ ಗೋಡೆಗಳನ್ನು ಎಂದೋ ದಾಟಿದೆ.

ಸಮೀಕ್ಷೆ

ಈ ನೂರು ವರ್ಷಗಳ ವೃತ್ತಾಂತದಲ್ಲಿ ಒಂದು ನಿಯಮವು ಸ್ಫುಟವಾಗಿ ತೋರಿಬರುತ್ತದೆ. ಪ್ರತಿಯೊಂದು ಮಾಧ್ಯಮವೂ ಗಾಯಕನಿಂದ ಏನನ್ನಾದರೂ ಬೇಡಿತು: ರಂಗಭೂಮಿಯು ಸ್ಪಷ್ಟತೆಯನ್ನು, ಗ್ರಾಮಫೋನು ಸಂಕ್ಷೇಪವನ್ನು, ಆಕಾಶವಾಣಿಯು ಕಾಲಪಾಲನೆಯನ್ನು, ಚಲನಚಿತ್ರವು ಪಾತ್ರಕ್ಕೆ ಅಧೀನವಾಗುವ ವಿನಯವನ್ನು. ಬೇಡಿದುದನ್ನು ಇಲ್ಲಿಯ ಕಲಾವಿದರು ಸಂಕೋಚವಿಲ್ಲದೆ ಕೊಟ್ಟರು. ಆದರೆ ಗುರುಮುಖದ ತಾಲೀಮನ್ನೂ ನಿತ್ಯದ ರಿಯಾಜನ್ನೂ ಯಾವ ಮಾಧ್ಯಮಕ್ಕೂ ಒಪ್ಪಿಸಲಿಲ್ಲ. ಜನಪ್ರಿಯತೆಯು ಅವರ ವಿದ್ಯೆಯನ್ನು ಕೆಡಿಸದೆ ಹೋದುದರ ಕಾರಣವು ಇದೇ.

ಧಾರವಾಡದಲ್ಲಿ ಮನಸೂರರ ಮನೆಯೂ ಹುಬ್ಬಳ್ಳಿಯಲ್ಲಿ ಗಂಗೂಬಾಯಿಯವರ ಸ್ಮಾರಕವೂ ಉಳಿದುಬಂದಿರುವುದು ಸಮಾಧಾನದ ಸಂಗತಿ. ಆದರೆ ಈ ಪರಂಪರೆಯ ಮುಖ್ಯ ಗ್ರಂಥವೆಂದರೆ ಧ್ವನಿಮುದ್ರಣವೇ. ಅರಗಿನ ತಟ್ಟೆ ಕೈತಪ್ಪಿದರೆ ಒಡೆಯುತ್ತದೆ, ಕ್ಯಾಸೆಟ್ಟಿನ ಪಟ್ಟಿ ಬೂಸಲು ಹಿಡಿಯುತ್ತದೆ, ಅಂತರ್ಜಾಲದಲ್ಲಿ ಹರಿದಾಡುವ ಹಾಡಿನೊಡನೆ ರಾಗದ ಹೆಸರಾಗಲಿ, ಸಾಥಿದಾರರ ಹೆಸರಾಗಲಿ, ಹಾಡಿದ ಊರು-ವರ್ಷಗಳಾಗಲಿ ಅನೇಕ ವೇಳೆ ಬರುವುದಿಲ್ಲ. ತಬಲೆ ಹಿಡಿದವರಾರು, ತಂಬೂರಿ ಮೀಟಿದವರಾರು ಎಂಬುದನ್ನು ನೆನಪಿನಿಂದ ಹೇಳಬಲ್ಲ ಹಿರಿಯರು ನಮ್ಮೊಡನಿರುವಾಗಲೇ, ಮನೆಗಳಲ್ಲಿಯೂ ನಿಲಯಗಳಲ್ಲಿಯೂ ಸಂಗ್ರಾಹಕರಲ್ಲಿಯೂ ಚದುರಿರುವ ಈ ನಾದಸಂಪತ್ತಿಗೆ ವಿವರವಾದ ಸೂಚಿಯನ್ನು ಸಿದ್ಧಪಡಿಸುವುದು ಅವಳಿ ನಗರಗಳ ವಿದ್ಯಾಸಂಸ್ಥೆಗಳ ಮೇಲಿರುವ ಋಣ. ಅದನ್ನು ತೀರಿಸಿದಾಗಲೇ ಮುಂದಿನ ಪೀಳಿಗೆಯ ವಿದ್ಯಾರ್ಥಿಯು ಈ ಇತಿಹಾಸವನ್ನು ಓದುವುದರ ಜೊತೆಗೆ ತನ್ನ ಕಿವಿಯಿಂದಲೇ ಪರೀಕ್ಷಿಸಿ ನೋಡಬಲ್ಲನು.